ಹದಿನಾರು ಚುಕ್ಕಿಯೊಳಗೆ ನಾಗಮಂಡಲ

ಮಳೆಗಾಲಕ್ಕೆ ಮುಂಚಿನ ಪತ್ತನಾಜೆಯ ದಿನ ಕಳೆದರೆ ನಮ್ಮ ಉಡುಪಿಯ ಕಡೆ ದೈವಗಳ ಕೋಲವೂ ಇಲ್ಲ, ಯಕ್ಷಗಾನ ಮೇಳದ ಆಟವೂ ಇಲ್ಲ. ಅಲ್ಲಿಯವರೆಗೆ ತೆಗೆದ ಫೋಟೊಗಳನ್ನು ವಿಂಗಡಿಸುವುದು ಆಟಿ ತಿಂಗಳ ಮಳೆಯಲ್ಲಿ ನನ್ನ ಕೆಲಸ. ಈ ಸಲ ಒಂದು ಭಾನುವಾರ ಕಂಪ್ಯೂಟರ್ ತೆರೆದಾಗ ಸಾಲಾಗಿ ಕುಳಿತ ಹಳದಿ ಫೋಲ್ಡರ್‌ಗಳನ್ನು ಕಂಡು ರೇಜಿಗೆಯಾಯಿತು. ಒಳಗೆ ಕತ್ತಲು, ಸೂಟೆಯ (ತೆಂಗಿನ ಗರಿಯ ಪಂಜಿನ) ಬೆಂಕಿ, ಅರಶಿನದ ಹುಡಿ. ಹೊರಗೆ ಮಾತ್ರ ತಾಲೂಕು ಕಚೇರಿಯ ಮುಖ. ಇವಕ್ಕೆ ತಕ್ಕ ಐಕಾನ್‌ಗಳನ್ನು ನಾನೇ ಬರೆಯೋಣವೆಂದು ಕುಳಿತೆ.

ಹಂದಿರೂಪದ ದೈವ ಪಂಜುರ್ಲಿಯ ಮೊಗಕ್ಕೆ, ಅಂದರೆ ಮುಖವಾಡಕ್ಕೆ, ಕೈ ಹಾಕಿದ್ದೆ. ಹಿಂದೆ ನಿಂತಿದ್ದ ಅಮ್ಮ, "ಬೇಡವಾದ ಫೋಲ್ಡರನ್ನು ಕಸದ ಬುಟ್ಟಿಗೆ ಹಾಕುತ್ತೀಯಲ್ಲ, ಇದನ್ನೂ ಹಾಕುತ್ತೀಯಾ?" ಎಂದರು. ಉತ್ತರ ಹೊಳೆಯಲಿಲ್ಲ. ದೈವದ ಮೊಗ ಟೀ ಶರ್ಟಿನ ಮೇಲೆ ಕಂಡರೆ ಗೊಣಗುವವನು ನಾನೇ ಅಲ್ಲವೇ? ಮೊಗ ಬಿಟ್ಟು ಸೂಟೆ, ಹಿಂಗಾರ (ಅಡಿಕೆಯ ಹೂಗೊಂಚಲು), ಕಾಲುದೀಪಗಳನ್ನು ಆರಿಸಿಕೊಂಡೆ. ಕೋಲ ನೋಡಿದವರಿಗೆ ಅಷ್ಟು ಸಾಕು. ನೋಡದವರಿಗೆ ಮೊಗ ತೋರಿಸಿದರೂ ಅದು ಬರಿಯ ಹಂದಿಯ ಚಿತ್ರ.

ನಿಜವಾದ ಕಾಟ ಕೊಟ್ಟದ್ದು ನಾಗಮಂಡಲ, ನಾಗಾರಾಧನೆಗೆ ನೆಲದ ಮೇಲೆ ಬಣ್ಣದ ಹುಡಿಯಲ್ಲಿ ಬರೆಯುವ ಹೆಣೆದ ಹಾವಿನ ಚಿತ್ರ. ಪೂರ್ಣ ಮಂಡಲಕ್ಕೆ ಹದಿನಾರು ಪವಿತ್ರ ಗಂಟುಗಳು, ಐದು ಬಣ್ಣ. ಹಳದಿಗೆ ಅರಶಿನ, ಅದಕ್ಕೆ ಸುಣ್ಣ ಸೇರಿದರೆ ಕೆಂಪು. ಫೋಟೊ ಪಕ್ಕದಲ್ಲಿಟ್ಟುಕೊಂಡು ಇಂಕ್‌ಸ್ಕೇಪ್ ಎಂಬ ಚಿತ್ರ ಬರೆಯುವ ತಂತ್ರಾಂಶದಲ್ಲಿ ಹಾವಿನ ಮೈಯ ಒಂದೊಂದೇ ಸುತ್ತನ್ನು ಎಳೆದೆ. 256 ಪಿಕ್ಸೆಲ್‌ನಲ್ಲಿ, ಅಂದರೆ ಪರದೆಯ 256 ಚುಕ್ಕಿ ಅಗಲದಲ್ಲಿ, ನೋಡಿದಾಗ ನನಗೇ ಹೆಮ್ಮೆ. ಆದರೆ ವಿಂಡೋಸ್ ಪಟ್ಟಿಯ ನೋಟಕ್ಕೆ ತಿರುಗಿದರೆ ಐಕಾನ್‌ಗೆ ಉಳಿಯುವುದು 16 ಚುಕ್ಕಿ ಅಗಲ, 16 ಚುಕ್ಕಿ ಎತ್ತರ. ಗಂಟಿಗೊಂದು ಚುಕ್ಕಿಯ ಅಗಲವೂ ಸರಿಯಾಗಿ ಸಿಗದ ಆ ಜಾಗದಲ್ಲಿ ಮಂಡಲವೆಲ್ಲ ಕಲಸಿ ಕಂದು ಮುದ್ದೆಯಾಯಿತು.

ವಿಂಡೋಸ್ ಐಕಾನ್ ಇಡುವ ಐಕೊ (.ico) ಕಡತದ ಗುಣವೆಂದರೆ ಒಂದೇ ಕಡತದೊಳಗೆ 16, 32, 48, 256 ಹೀಗೆ ಬೇರೆ ಬೇರೆ ಅಳತೆಯ ಚಿತ್ರಗಳನ್ನು ಇಡಬಹುದು. ದೊಡ್ಡದನ್ನೇ ಕುಗ್ಗಿಸಿ ಎಲ್ಲ ಕಡೆ ತುಂಬುವುದು ಸೋಮಾರಿಗಳ ದಾರಿ. ಮೊದಲ ಮ್ಯಾಕಿಂತೋಷ್‌ಗೆ ಐಕಾನ್ ಬರೆದ ಸೂಸನ್ ಕೇರ್ ಗ್ರಾಫ್ ಹಾಳೆಯ ಮೇಲೆ 32 ಮನೆಯ ಚೌಕದಲ್ಲಿ ಕೆಲಸ ಮಾಡಿದವರು. ನಾನೂ ಚೌಕದ ನೋಟುಪುಸ್ತಕ ತೆಗೆದೆ. ಸಣ್ಣ ಅಳತೆಗೆ ಗಂಟುಗಳನ್ನೆಲ್ಲ ಬಿಟ್ಟು, ಅರಶಿನದ ನೆಲದ ಮೇಲೆ ಕೆಂಪು ಹೆಡೆ ಒಂದನ್ನೇ ಇಟ್ಟೆ. ಬೆರಳುಗುರಿನಷ್ಟಿದ್ದರೂ ದೂರದಿಂದಲೇ ಹಾವು ಎಂದು ತಿಳಿಯುತ್ತದೆ.

ಕೃಷ್ಣಮಠದ ಚಿತ್ರಗಳ ಫೋಲ್ಡರ್‌ಗೆ ಕೃಷ್ಣನ ದರ್ಶನ ಸಿಗುವ, ಒಂಬತ್ತು ರಂಧ್ರಗಳ ಬೆಳ್ಳಿಯ ನವಗ್ರಹ ಕಿಂಡಿ. ಸಾಲಿಗೆ ಎರಡೆರಡು ಚುಕ್ಕಿಯ ಮೂರು ರಂಧ್ರ, ಅವುಗಳ ನಡುವೆ ಎರಡೆರಡು ಚುಕ್ಕಿಯ ಬೆಳ್ಳಿ, ಎರಡೂ ಅಂಚಿಗೆ ಮೂರು ಮೂರು: ಒಟ್ಟು ಹದಿನಾರು, ಒಂದು ಚುಕ್ಕಿಯೂ ಹೆಚ್ಚುಕಡಿಮೆಯಿಲ್ಲ. ರಂಧ್ರಗಳ ಹಿಂದೆ ಬರಿಯ ಕಪ್ಪು. ನಾನು ಬರೆದವುಗಳಲ್ಲಿ ಇದೇ ಚೆಂದ.

ಹಾಕುವುದು ಸುಲಭ: ಫೋಲ್ಡರ್‌ನ ಪ್ರಾಪರ್ಟೀಸ್, ಅಲ್ಲಿ ಕಸ್ಟಮೈಸ್, ಚೇಂಜ್ ಐಕಾನ್. ವಿಂಡೋಸ್ ಈ ಆಯ್ಕೆಯನ್ನು ಡೆಸ್ಕ್‌ಟಾಪ್ ಡಾಟ್ ಐಎನ್‌ಐ ಎಂಬ ಅಡಗಿದ ಕಡತದಲ್ಲಿ ಬರೆದಿಡುತ್ತದೆ. ಐಕೊ ಕಡತದ ಜಾಗ ಬದಲಾದರೆ ಮತ್ತೆ ಹಳೆಯ ಹಳದಿಯೇ ಗತಿ. ಹಾಗಾಗಿ ಎಲ್ಲ ಐಕಾನ್‌ಗಳನ್ನೂ ಒಂದೇ ಕಡೆ ಇಟ್ಟಿದ್ದೇನೆ. ಅಮ್ಮ ಈಗ ತಮ್ಮ ಅಡುಗೆಯ ಫೋಲ್ಡರ್‌ಗೂ ಒಂದು ಬೇಕೆಂದಿದ್ದಾರೆ, ಕೆಸುವಿನೆಲೆ ಸುತ್ತಿ ಬೇಯಿಸುವ ಪತ್ರೊಡೆಯದು. ಹದಿನಾರು ಚುಕ್ಕಿಯಲ್ಲಿ ಅದು ಮತ್ತೆ ಸುತ್ತಿಕೊಂಡ ಹಾವಿನಂತೆಯೇ ಕಾಣುತ್ತಿದೆ.