ನಿಮ್ಮ ಲಂಬಾಣಿ ಡ್ರೆಸ್ ಯಾಕ ಬಿಟ್ರಿ?

"ಎಷ್ಟ್ ಚಂದ ಇರ್ತದ್ರೀ ನಿಮ್ಮ ಡ್ರೆಸ್! ಯಾಕ ಬಿಟ್ರಿ?"

ನಾನು ಕಲಬುರಗಿ ಜಿಲ್ಲೆಯ ಚಿಂಚೋಳಿ ಕಡೆಯ ಲಂಬಾಣಿ ತಾಂಡಾದವಳು ಅಂತ ಗೊತ್ತಾದ ಕೂಡಲೇ ಜನ ಕೇಳುವ ಪ್ರಶ್ನೆ ಇದು. ಪ್ರೀತಿಯಿಂದಲೇ ಕೇಳುತ್ತಾರೆ. ಆದರೆ ಬಿಟ್ಟವಳು ನಾನಲ್ಲ, ಯಾಡಿ. ನಮ್ಮ ಲಂಬಾಣಿ ಮಾತು ಗೋರ್‌ಬೋಲಿಯಲ್ಲಿ ಅವ್ವನಿಗೆ ಯಾಡಿ ಅನ್ನುತ್ತೇವೆ.

ಮದುವೆಯಾಗಿ ಬಂದಾಗ ಅವಳ ಮೈಮೇಲೆ ಫೇಟಿಯಾ ಅನ್ನುವ ಘೇರಿನ ಲಂಗ, ಕಾಂಚಳಿ ಅನ್ನುವ ರವಿಕೆ, ತಲೆತುಂಬ ಸೆರಗು. ಕನ್ನಡಿ ಚೂರು, ಕವಡೆ, ನಾಣ್ಯ ಎಲ್ಲ ಕೈಯಿಂದಲೇ ಹೊಲಿದದ್ದು. ಕಾಂಚಳಿಗೆ ಬೆನ್ನೇ ಇಲ್ಲ, ಬರೀ ಲಾಡಿ.

ತೊಗರಿ ರಾಶಿ ಮುಗಿದರೆ ಪುಣೆಗೆ ಗುಳೆ. ಅಲ್ಲಿ ತಗಡಿನ ಶೆಡ್, ಒಂದು ಕೊಡ ನೀರಿಗೂ ಪಾಳಿ. ಅಷ್ಟು ಭಾರದ ಫೇಟಿಯಾ ಒಗೆಯುವುದೆಲ್ಲಿ, ಒಣಗಿಸುವುದೆಲ್ಲಿ? ಸಿಮೆಂಟ್ ಬುಟ್ಟಿ ಹೊತ್ತು ಏಣಿ ಹತ್ತುವಾಗ ಅದರ ಘೇರು ಕಾಲಿಗೆ ತೊಡರುತ್ತಿತ್ತು. ಇದು ಒಂದು ಕಾರಣ. ಇದನ್ನು ಎಲ್ಲರಿಗೂ ಹೇಳುತ್ತೇನೆ.

ಇನ್ನೊಂದನ್ನು ಯಾಡಿ ನನಗೆ ಬಹಳ ವರ್ಷ ಹೇಳಿರಲಿಲ್ಲ. ಕಿರಾಣಿ ಅಂಗಡಿಯವನು ಅವಳನ್ನು ದೂರ ನಿಲ್ಲಿಸಿ "ಏ" ಅಂತ ಕರೆಯುತ್ತಿದ್ದ. ಚಿಲ್ಲರೆಯನ್ನು ಕಟ್ಟೆ ಮೇಲೆ ಎಸೆಯುತ್ತಿದ್ದ. ಒಂದು ದಿನ ಪಕ್ಕದ ಶೆಡ್ಡಿನವಳ ಸೀರೆ ಉಟ್ಟು ಹೋದಳು. ಅದೇ ಅಂಗಡಿಯವನು "ಕಾಯ್ ಪಾಹಿಜೆ ತಾಈ?" ಅಂದ. ಮರಾಠಿಯಲ್ಲಿ ಏನು ಬೇಕು ಅಕ್ಕ ಅಂತ. ಚಿಲ್ಲರೆ ಕೈಗೆ ಕೊಟ್ಟ. ಅವತ್ತೇ ಫೇಟಿಯಾ ಟ್ರಂಕಿಗೆ ಹೋಯಿತು.

ವೇದಿಕೆ ಮೇಲೆ ಕುಣಿದರೆ ಚಪ್ಪಾಳೆ, ಅಂಗಡಿ ಮುಂದೆ ನಿಂತರೆ ಅವಮಾನ. ಬಿಟ್ಟದ್ದಕ್ಕೆ ಯಾರನ್ನು ಕೇಳಬೇಕು ಹೇಳಿ? ನಾನಂತೂ ಯಾಡಿಯನ್ನು ಕೇಳಲಾರೆ.

2023ರ ಜನವರಿ 19ರಂದು ಸೇಡಂ ತಾಲೂಕಿನ ಮಳಖೇಡದಲ್ಲಿ ಕಲಬುರಗಿ, ಬೀದರ್, ಯಾದಗಿರಿ, ರಾಯಚೂರು, ವಿಜಯಪುರ ಜಿಲ್ಲೆಗಳ ತಾಂಡಾ, ಹಟ್ಟಿಗಳ ಸುಮಾರು 50 ಸಾವಿರ ಕುಟುಂಬಗಳಿಗೆ ಹಕ್ಕುಪತ್ರ ಕೊಟ್ಟರು. ಎಷ್ಟೋ ತಾಂಡಾಗಳಿಗೆ ಕಂದಾಯ ಗ್ರಾಮ, ಅಂದರೆ ಸರ್ಕಾರದ ದಾಖಲೆಯಲ್ಲಿರುವ ಊರು, ಅನ್ನುವ ಹೆಸರೇ ಆಗಷ್ಟೇ ಬಂದಿತ್ತು. ಆ ಕಾರ್ಯಕ್ರಮಕ್ಕೆಂದು ಹಿಂದಿನ ರಾತ್ರಿ ಯಾಡಿ ಟ್ರಂಕ್ ತೆಗೆದಳು. ನುಸಿಗುಳಿಗೆ ವಾಸನೆ. ಕನ್ನಡಿಗಳನ್ನು ಒಂದೊಂದಾಗಿ ಸೆರಗಿನಿಂದ ಒರೆಸಿದಳು. ಉದುರಿದ್ದ ಕಡೆ ಹೊಸದು ಕೂಡಿಸಿದಳು. ಕಾಂಚಳಿ ಮಾತ್ರ ಹಾಗೇ ಹಾಕಿಕೊಳ್ಳಲಿಲ್ಲ. "ಈಗ ಬೆನ್ನು ಬಿಟ್ಟು ತಿರುಗೋದು ನನ್ನಿಂದ ಆಗೋದಿಲ್ಲ" ಅಂತ ಹಿಂದೆ ಕೆಂಪು ಬಟ್ಟೆ ಹಚ್ಚಿಕೊಂಡಳು. ನನಗೆ ಅದು ಬಹಳ ಇಷ್ಟವಾಯಿತು. ಹಳೆಯದನ್ನು ತನಗೆ ಬೇಕಾದ ಹಾಗೆ ತಿದ್ದಿಕೊಂಡಳಲ್ವಾ?

ನಾನು ಆಫೀಸಿಗೆ ಚೂಡಿದಾರವನ್ನೇ ಹಾಕುತ್ತೇನೆ. ನನ್ನ ಮಗಳು ಈ ಸಲದ ತೀಜ್ ಹಬ್ಬಕ್ಕೆ ಫೇಟಿಯಾ ಬೇಕು ಅಂತ ಹಟ ಹಿಡಿದಿದ್ದಾಳೆ. ಬಜಾರಿನಲ್ಲಿ ಮಷೀನ್ ಹೊಲಿಗೆಯದು ರೆಡಿ ಸಿಗುತ್ತದೆ. ಯಾಡಿ ಬೇಡ ಅಂದಳು. ಅಳತೆ ತೆಗೆದುಕೊಂಡಿದ್ದಾಳೆ, ಬೆನ್ನಿನದೂ ಸೇರಿಸಿ.