ಬೀದರಿ ತಟ್ಟೆಯಲ್ಲಿ ಅರಸರ ಪ್ರಾಣಿಗಳು: ಈವರೆಗಿನ ಕೆಲಸ

ಅರಮನೆಗಳಲ್ಲಿ ಸಾಕುತ್ತಿದ್ದ ಪ್ರಾಣಿಗಳನ್ನು ಬೀದರಿ ತಟ್ಟೆಯೊಂದರ ಮೇಲೆ ಬೆಳ್ಳಿ ತಂತಿಯಲ್ಲಿ ಕೂರಿಸುವ ನನ್ನ ಕೆಲಸ ಅರ್ಧಕ್ಕೆ ಬಂದಿದೆ. ಸತುವಿಗೆ ತುಸು ತಾಮ್ರ ಬೆರೆಸಿ ತಟ್ಟೆಯನ್ನು ಎರಕ ಹೊಯ್ದು ಕೊಟ್ಟವರು ಬೀದರಿನಲ್ಲಿ ನನಗೆ ಈ ಕಲೆ ಕಲಿಸುತ್ತಿರುವ ಉಸ್ತಾದರು; ಅದನ್ನು ಉಜ್ಜಿ ನುಣುಪು ಮಾಡಿ, ಮೈಲುತುತ್ತದ ನೀರು ಸವರಿ, ತಾತ್ಕಾಲಿಕವಾಗಿ ಕಪ್ಪಾದ ಮೈಮೇಲೆ ಉಕ್ಕಿನ ಮೊನೆಯಿಂದ ಚಿತ್ರ ಬರೆದದ್ದು ನಾನು.

ಪ್ರಾಣಿಗಳ ಆಯ್ಕೆಗೆ ಮಾನಸೋಲ್ಲಾಸವನ್ನು ಆಧಾರ ಮಾಡಿಕೊಂಡಿದ್ದೇನೆ. ನಮ್ಮ ಜಿಲ್ಲೆಯ ಬಸವಕಲ್ಯಾಣವೇ ಅಂದಿನ ಕಲ್ಯಾಣ. ಅಲ್ಲಿಂದ ಆಳಿದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನು 12ನೆಯ ಶತಮಾನದಲ್ಲಿ ರಚಿಸಿದ ಈ ಸಂಸ್ಕೃತ ಗ್ರಂಥದ 100 ಅಧ್ಯಾಯಗಳಲ್ಲಿ ಆನೆ, ಕುದುರೆಗಳಷ್ಟೇ ಅಲ್ಲದೆ ಡೇಗೆ (ಬೇಟೆಗೆ ಪಳಗಿಸುವ ಹಕ್ಕಿ), ಟಗರು, ಕೋಣ, ಹುಂಜ, ಲಾವಕ್ಕಿ, ಪಾರಿವಾಳ, ಬೇಟೆನಾಯಿಗಳಿಗೂ ಜಾಗವಿದೆ. ಅರಸನೆಂದವನು ಇವುಗಳ ಲಕ್ಷಣವನ್ನೂ ಪಳಗಿಸುವ ಬಗೆಯನ್ನೂ ಸ್ವತಃ ಬಲ್ಲವನಾಗಿರಬೇಕು ಎಂಬ ನಿಲುವೇ ನನ್ನನ್ನು ಈ ಗ್ರಂಥದತ್ತ ಸೆಳೆಯಿತು.

ತಟ್ಟೆಯ ನಡುವೆ ಆನೆಯಿದೆ. ಅರಸರ ಗೆಲುವಿಗೆ ಆನೆಯೇ ಪ್ರಧಾನವೆಂದ ಕೌಟಿಲ್ಯನು ಆನೆಕಾಡುಗಳಿಗೆ ಕಾವಲು ಹಾಕಿಸಿ, ಆನೆಯನ್ನು ಕೊಂದವನಿಗೆ ಮರಣದಂಡನೆ ವಿಧಿಸಬೇಕೆಂದ. ಯುದ್ಧಬಲದ ಆಚೆಗೂ ಆನೆಗೆ ಅರ್ಥವುಂಟು: ಗಜಲಕ್ಷ್ಮಿಗೆ ಇಕ್ಕೆಲದಿಂದ ನೀರೆರೆಯುವ ಆನೆಗಳು ಮಳೆಮೋಡಗಳೇ ಆದ್ದರಿಂದ, ಅರಸನ ಆನೆಸಾಲೆಯಲ್ಲಿ ಜನ ನಾಡಿನ ಮಳೆಬೆಳೆಯನ್ನೂ ಕಂಡರು. ಹಾಗಾಗಿ ಆನೆಯ ಸುತ್ತ ಹೂಬಳ್ಳಿಯ ಬದಲು ಮೋಡದ ಸುರುಳಿಗಳನ್ನು ಬರೆದೆ. ತಾರಕಶಿಯಲ್ಲಿ, ಅಂದರೆ ಗೀರಿನೊಳಗೆ ತಂತಿ ಕೂರಿಸುವ ಕೆಲಸದಲ್ಲಿ, ಹೆಚ್ಚು ಹೊತ್ತು ಹಿಡಿದದ್ದು ಸೊಂಡಿಲು. ತಿರುವಿನಲ್ಲಿ ತಂತಿ ಮೇಲೇಳುತ್ತಿತ್ತು. ಉಳಿಯನ್ನು ಓರೆಯಾಗಿ ಹಿಡಿದು ಗೀರಿನ ತಳವನ್ನು ಬಾಯಿಗಿಂತ ಅಗಲಿಸಿ, ಸಣ್ಣ ಸುತ್ತಿಗೆಯಿಂದ ಮೆಲ್ಲಗೆ ತಟ್ಟುತ್ತ ಹೋದಂತೆ ಅದು ಗಟ್ಟಿಯಾಗಿ ಕೂತಿತು.

ಹುಲಿಯ ವಿಷಯದಲ್ಲಿ ಬಹಳ ಯೋಚಿಸಬೇಕಾಯಿತು. ಅರಸನ ವಿಹಾರಕ್ಕೆಂದು ಕೌಟಿಲ್ಯ ಹೇಳುವ ಮೃಗವನಕ್ಕೆ ಒಂದೇ ಬಾಗಿಲು, ಸುತ್ತ ಕಂದಕ. ಒಳಗಿನ ಕ್ರೂರಮೃಗಗಳಿಗೆ ಉಗುರೂ ಇಲ್ಲ, ಹಲ್ಲೂ ಇಲ್ಲ. ಆ ಹುಲಿಯನ್ನು ಕೆತ್ತಲು ನನಗೆ ಮನಸ್ಸಾಗಲಿಲ್ಲ. ಬೀದರ್ ಕೋಟೆಯಲ್ಲಿ 1503ರ ಶರ್ಜಾ ದರ್ವಾಜದ ಮೇಲೆ ಎರಡು ಕಲ್ಲಿನ ಹುಲಿಗಳಿವೆ. ಅಲ್ಲಿ ಹುಲಿ ಅರಸನ ಸೆರೆಯಾಳಲ್ಲ, ಬಾಗಿಲ ಕಾವಲುಗಾರ. ಅದೇ ಜೋಡಿಯನ್ನು ತಟ್ಟೆಯ ಅಂಚಿಗೆ ತಂದಿದ್ದೇನೆ.

ಕುದುರೆ, ಟಗರು, ಪಾರಿವಾಳಗಳ ಕೆಲಸ ಮುಗಿದಿದೆ. ಇನ್ನು ಉಳಿದಿರುವುದು ಕೋಣ ಮತ್ತು ಡೇಗೆ. ಡೇಗೆಯ ರೆಕ್ಕೆಗೆ ತಂತಿ ಸಾಲದು, ತೆಳು ಬೆಳ್ಳಿ ಹಾಳೆಯನ್ನೇ ಕತ್ತರಿಸಿ ಕೂರಿಸಬೇಕು. ಕೋಟೆಯ ಹಳೆಯ ಮಣ್ಣಿಗೆ ನವಸಾಗರ ಬೆರೆಸಿ ತಟ್ಟೆಗೆ ಶಾಶ್ವತ ಕಪ್ಪು ಹಿಡಿಸುವುದು ಅವೆರಡೂ ಮುಗಿದ ಮೇಲೆ.