ಜಾನ್ ಅಬ್ರಹಾಂ: ಜನರ ಹಣ, ಜನರ ಸಿನಿಮಾ

ಕೇರಳದ ಚಿತ್ರನಿರ್ದೇಶಕ ಜಾನ್ ಅಬ್ರಹಾಂ ಐವತ್ತು ತುಂಬುವ ಮೊದಲೇ, 1987ರಲ್ಲಿ, ತೀರಿಕೊಂಡರು. ಅವರು ಪೂರ್ಣಗೊಳಿಸಿದ ಕಥಾಚಿತ್ರಗಳು ನಾಲ್ಕೇ ನಾಲ್ಕು. ಆದರೂ ಸಿನಿಮಾವನ್ನು ಯಾರ ಹಣದಿಂದ, ಯಾರಿಗಾಗಿ ಮಾಡಬೇಕು ಎಂಬ ಪ್ರಶ್ನೆಯನ್ನು ಅವರಷ್ಟು ದೂರಕ್ಕೆ ಒಯ್ದ ಮತ್ತೊಬ್ಬ ನಿರ್ದೇಶಕರು ನಮ್ಮ ದೇಶದಲ್ಲಿ ನನಗೆ ಕಾಣುವುದಿಲ್ಲ.

ಬಳ್ಳಾರಿಯ ಜೀವವಿಮಾ ಕಚೇರಿಯ ನೌಕರಿಯನ್ನು ಬಿಟ್ಟು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಸೇರಿದ ಅವರಿಗೆ ಅಲ್ಲಿ ಗುರುವಾಗಿ ದೊರೆತವರು ಬಂಗಾಳಿ ಚಿತ್ರನಿರ್ದೇಶಕ ಋತ್ವಿಕ್ ಘಟಕ್. 1972ರಲ್ಲಿ ಮೊದಲ ಚಿತ್ರ ಬಂದಿತಾದರೂ ಅವರ ನಿಜವಾದ ದನಿ ಕೇಳಿಸಿದ್ದು 1977ರ ತಮಿಳು ಚಿತ್ರ 'ಅಗ್ರಹಾರತ್ತಿಲ್ ಕಳುದೈ'ಯಲ್ಲಿ. ಪ್ರಾಧ್ಯಾಪಕರೊಬ್ಬರು ತಬ್ಬಲಿ ಕತ್ತೆಮರಿಯೊಂದನ್ನು ಅಗ್ರಹಾರಕ್ಕೆ ತಂದು ಸಾಕುತ್ತಾರೆ; ಊರಿನ ಕೆಡುಕಿಗೆಲ್ಲ ಅದನ್ನೇ ಹೊಣೆಯಾಗಿಸಿ ಕೊಂದವರೇ ಬಳಿಕ ಅದರಲ್ಲಿ ದೈವವನ್ನು ಕಾಣತೊಡಗುತ್ತಾರೆ. ಪ್ರಾಧ್ಯಾಪಕರ ಪಾತ್ರಕ್ಕೆ ಅವರು ಆರಿಸಿಕೊಂಡದ್ದು ವೃತ್ತಿಪರ ನಟರನ್ನಲ್ಲ, ಸಂಗೀತ ನಿರ್ದೇಶಕ ಎಂ. ಬಿ. ಶ್ರೀನಿವಾಸನ್ ಅವರನ್ನು. ಆ ಸಂಕೋಚದ, ಹಿತಮಿತವಾದ ಮುಖ ಚಿತ್ರದ ವ್ಯಂಗ್ಯವನ್ನು ಇನ್ನಷ್ಟು ಹರಿತಗೊಳಿಸಿದೆ.

1984ರಲ್ಲಿ ಗೆಳೆಯರೊಡನೆ ಕೋಳಿಕ್ಕೋಡಿನಲ್ಲಿ ಅವರು 'ಒಡೆಸ್ಸಾ' ಎಂಬ ಸಂಘಟನೆಯನ್ನು ಕಟ್ಟಿದರು. ಹಳ್ಳಿಹಳ್ಳಿಗೆ ಹೋಗಿ, ಚಾಪ್ಲಿನ್ನರ 'ದಿ ಕಿಡ್' ಮೊದಲಾದ ಚಿತ್ರಗಳನ್ನು ತೋರಿಸಿ, ನೋಡಿದವರಿಂದ ಕೈಲಾದಷ್ಟು ವಂತಿಗೆ ಎತ್ತಿ, ಆ ಚಿಲ್ಲರೆ ಹಣದಿಂದಲೇ 1986ರಲ್ಲಿ 'ಅಮ್ಮ ಅರಿಯಾನ್' ಎಂಬ ಕಪ್ಪು-ಬಿಳುಪು ಚಿತ್ರವನ್ನು ಮುಗಿಸಿದರು. ದೆಹಲಿಗೆ ಹೊರಟ ಪುರುಷನ್ ಎಂಬ ಯುವಕ ದಾರಿಯಲ್ಲಿ ಒಂದು ಶವವನ್ನು ಕಾಣುತ್ತಾನೆ. ಅದು ತಬಲಾ ನುಡಿಸುತ್ತಿದ್ದ ಹರಿಯದೆಂದು ತಿಳಿದಾಗ ಪ್ರಯಾಣವನ್ನು ಕೈಬಿಟ್ಟು, ಸಾವಿನ ಸುದ್ದಿಯನ್ನು ಅವನ ತಾಯಿಗೆ ಮುಟ್ಟಿಸಲು ಕೊಚ್ಚಿಯ ಕಡೆಗೆ ತಿರುಗುತ್ತಾನೆ. ದಾರಿಯುದ್ದಕ್ಕೂ ಹರಿಯನ್ನು ಬಲ್ಲವರು ಒಬ್ಬೊಬ್ಬರಾಗಿ ಜೊತೆಗೂಡಿ ಅದೊಂದು ಗುಂಪಾಗುತ್ತದೆ. ಮನೆಮನೆಯಿಂದ ಹಣ ಕೂಡಿದ ಬಗೆಯೇ ಇಲ್ಲಿ ಕಥನದ ಬಗೆಯೂ ಆಗಿದೆ ಎಂಬುದು ನನ್ನನ್ನು ಬಹಳವಾಗಿ ಸೆಳೆಯುವ ಸಂಗತಿ. ಪ್ರತಿಯೊಬ್ಬರೂ ತಮಗೆ ಗೊತ್ತಿದ್ದ ಹರಿಯನ್ನು ನೆನೆಯುವಾಗ ಕಲ್ಲುಗಣಿ ಕಾರ್ಮಿಕರ, ವೈದ್ಯಕೀಯ ವಿದ್ಯಾರ್ಥಿಗಳ ಹೋರಾಟಗಳು ಸಾಕ್ಷ್ಯಚಿತ್ರದ ರೀತಿಯಲ್ಲಿ ನಡುವೆ ನುಗ್ಗಿ ಬರುತ್ತವೆ. ಕಥೆ ಎಲ್ಲಿ ಮುಗಿದು ದಾಖಲೆ ಎಲ್ಲಿ ಮೊದಲಾಯಿತೆಂದು ಹೇಳುವುದು ಕಷ್ಟವಾಗುತ್ತದೆ. ವೇಣು ಅವರ ಕ್ಯಾಮೆರಾ ಯಾವ ಅವಸರವನ್ನೂ ತೋರುವುದಿಲ್ಲ. ಮೊದಲ ಅರ್ಧ ಗಂಟೆ ತಾಳ್ಮೆಯನ್ನು ಬೇಡುತ್ತದೆ ಎಂಬುದು ನಿಜ, ಆದರೆ ಆ ನಿಧಾನವಿಲ್ಲದಿದ್ದರೆ ಇಷ್ಟು ಜನ ಸೇರುವುದರ ಭಾರ ನಮ್ಮ ಅರಿವಿಗೆ ಬರುತ್ತಿರಲಿಲ್ಲ.

ಮರುವರ್ಷವೇ ಕೋಳಿಕ್ಕೋಡಿನಲ್ಲಿ ಕಟ್ಟಡದ ಮೇಲಿನಿಂದ ಬಿದ್ದು ಜಾನ್ ಅಸುನೀಗಿದರು. ಒಡೆಸ್ಸಾ ಅನಂತರವೂ ಕೆಲವು ಸಾಕ್ಷ್ಯಚಿತ್ರಗಳನ್ನು ನಿರ್ಮಿಸಿತು.